ಮುನ್ನೂರ ಏಳು ಎಂದರೆ ಮುಗಿಯಿತೇ?

(ಸಂಘದ ವಾರ್ಷಿಕ ಸಭೆಯ ದಿನ ನಡೆದ ಕಾನೂನು ಅರಿವು ಗೋಷ್ಠಿಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಈ ವಿಷಯಕ್ಕೆ ನಿಜವಾಗಿ ಒಬ್ಬ ವಕೀಲರನ್ನು ಕರೆಯಬೇಕಿತ್ತು. ನಾನು ಉರ್ದು ಮತ್ತು ಕನ್ನಡ ಕಲಿಸುವ ಮೇಷ್ಟ್ರು. ಓದಿದ್ದು ಬಿ.ಎಡ್., ಕಾನೂನಿನ ಪದವಿ ನನಗಿಲ್ಲ. ಕಾರ್ಯದರ್ಶಿಯವರಿಗೂ ಇದನ್ನೇ ಹೇಳಿದೆ. ಅವರು, "ಕಾನೂನು ಹೇಳಲು ವಕೀಲರು ಬೇಕಾದಷ್ಟು ಮಂದಿ ಸಿಗುತ್ತಾರೆ, ನೀವು ಆ ಹುಡುಗನ ಕೇಸಿನಲ್ಲಿ ಕಂಡದ್ದನ್ನು ಹೇಳಿ" ಎಂದರು. ಆದ್ದರಿಂದ ನಾನು ಕಂಡದ್ದನ್ನೂ, ಕಂಡದ್ದು ಅರ್ಥವಾಗಲೆಂದು ಆಮೇಲೆ ಓದಿ ಕೇಳಿ ತಿಳಿದುಕೊಂಡದ್ದನ್ನೂ ಹೇಳುತ್ತೇನೆ. ಇದನ್ನು ಓದುವ ನೀವು ನಿಮ್ಮ ಮನೆಯ ಕೇಸಿಗೆ ಇದನ್ನೇ ಅಳತೆಗೋಲು ಮಾಡಿಕೊಳ್ಳಬೇಡಿ. ನಿಮ್ಮ ವಕೀಲರ ಎದುರು ಕುಳಿತಾಗ ಯಾವ ಪ್ರಶ್ನೆ ಕೇಳಬೇಕೆಂದು ತಿಳಿದರೆ ಅಷ್ಟೇ ಸಾಕು.

2022ರ ಬೇಸಿಗೆ. ಒಂದು ರಾತ್ರಿ ನನ್ನ ಹಳೆಯ ವಿದ್ಯಾರ್ಥಿಯೊಬ್ಬನ ತಂದೆ ಪ್ಲಾಸ್ಟಿಕ್ ಚೀಲವೊಂದನ್ನು ಎದೆಗವಚಿಕೊಂಡು ನಮ್ಮ ಮನೆಗೆ ಬಂದರು. ಚೀಲದಲ್ಲಿ 140ಕ್ಕೂ ಹೆಚ್ಚು ಪುಟಗಳ ಚಾರ್ಜ್‌ಶೀಟು. ಅವರು ಉರ್ದು ಚೆನ್ನಾಗಿ ಓದುತ್ತಾರೆ. ಕನ್ನಡ ಮಾತನಾಡುತ್ತಾರೆ, ಓದಲು ಬರುವುದಿಲ್ಲ. ಪೊಲೀಸರ ಕಾಗದಗಳೆಲ್ಲ ಕನ್ನಡದಲ್ಲಿದ್ದವು. "ಮಾಸ್ಟರ್ ಸಾಬ್, ಇದರಲ್ಲಿ ನನ್ನ ಮಗನ ಬಗ್ಗೆ ಏನು ಬರೆದಿದ್ದಾರೆ, ಓದಿ ಹೇಳಿ" ಎಂದರು. ಓದಲು ಶುರು ಮಾಡುವ ಮೊದಲೇ, "ಏನು ಬರೆದಿದ್ದರೇನು, ಮುನ್ನೂರ ಏಳು ಹಾಕಿಬಿಟ್ಟಿದ್ದಾರೆ, ಹುಡುಗನ ಬದುಕು ಮುಗಿಯಿತು" ಎಂದು ಕಣ್ಣೊರೆಸಿಕೊಂಡರು.

ನಮ್ಮ ಮೊಹಲ್ಲಾಗಳಲ್ಲಿ ಕಾನೂನಿನ ಬೇರೆ ಯಾವ ಅಂಕಿ ಗೊತ್ತಿಲ್ಲದವರಿಗೂ ಈ ಅಂಕಿ ಗೊತ್ತು. ಭಾರತೀಯ ದಂಡ ಸಂಹಿತೆಯ 307ನೇ ಕಲಂ ಎಂದರೆ ಕೊಲೆ ಯತ್ನ. ಶಿಕ್ಷೆ ಹತ್ತು ವರ್ಷದವರೆಗೆ ಜೈಲು ಮತ್ತು ದಂಡ. ಆ ಕೃತ್ಯದಿಂದ ಯಾರಿಗಾದರೂ ಗಾಯವಾಗಿದ್ದರೆ ಜೀವಾವಧಿಯವರೆಗೂ ಹೋಗಬಹುದು. ವಿಚಾರಣೆ ಸೆಷನ್ಸ್ ನ್ಯಾಯಾಲಯದಲ್ಲೇ ಆಗಬೇಕು. 2024ರ ಜುಲೈ 1ರಿಂದ ನಡೆದ ಕೃತ್ಯಗಳಿಗೆ ಹಳೆಯ ಸಂಹಿತೆಯ ಬದಲು ಭಾರತೀಯ ನ್ಯಾಯ ಸಂಹಿತೆ ಅನ್ವಯಿಸುತ್ತದೆ, ಅದರಲ್ಲಿ ಇದೇ ಅಪರಾಧ 109ನೇ ಕಲಂ. ಅಂಕಿ ಬದಲಾದರೂ ಭಯ ಬದಲಾಗಿಲ್ಲ. ನಮ್ಮ ಜನರ ಬಾಯಲ್ಲಿ ಇನ್ನೂ ಕೆಲವು ಕಾಲ ಅದು ಮುನ್ನೂರ ಏಳೇ ಆಗಿರುತ್ತದೆ.

ಈ ಕಲಮಿನ ತಿರುಳು ಮನಸ್ಸಿನಲ್ಲಿದೆ, ಗಾಯದಲ್ಲಿ ಅಲ್ಲ. ಕಲಮಿನ ಕೆಳಗೇ ಒಂದು ಉದಾಹರಣೆ ಕೊಟ್ಟಿದ್ದಾರೆ, ಪಾಠ ಹೇಳುವವರಿಗೆ ಬಹಳ ಅನುಕೂಲವಾದದ್ದು. ಒಬ್ಬನು ಇನ್ನೊಬ್ಬನನ್ನು ಕೊಲ್ಲಬೇಕೆಂದು ಬಂದೂಕು ಕೊಂಡು ಗುಂಡು ತುಂಬುತ್ತಾನೆ. ಅಲ್ಲಿಯವರೆಗೆ ಈ ಕಲಮಿನ ಅಪರಾಧ ಆಗಿಲ್ಲ. ಅವನ ಮೇಲೆ ಗುಂಡು ಹಾರಿಸಿದ ಕ್ಷಣದಲ್ಲಿ ಆಯಿತು. ಗುಂಡು ತಗಲಬೇಕೆಂದೇ ಇಲ್ಲ, ತಗಲಿದರೆ ಶಿಕ್ಷೆ ಇನ್ನೂ ಹೆಚ್ಚಾಗಬಹುದು. ಅಂದರೆ, ಸತ್ತಿದ್ದರೆ ಕೊಲೆ ಎನಿಸಿಕೊಳ್ಳುತ್ತಿತ್ತು ಎನ್ನುವಂಥ ಉದ್ದೇಶ ಅಥವಾ ಅರಿವಿನಿಂದ ಮಾಡಿದ ಕೃತ್ಯ ಬೇಕು. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಇದೇ ಒಬ್ಬನನ್ನು ಬಿಡಿಸಿತು, ಇನ್ನೊಬ್ಬನನ್ನು ಕಟ್ಟಿಹಾಕಿತು.

ಗಲಾಟೆ ನಡೆದದ್ದು 2021ರ ನವೆಂಬರಿನ ಒಂದು ಸಂಜೆ, ಬಸ್ ನಿಲ್ದಾಣದ ಹತ್ತಿರದ ಚಹಾ ಹೋಟೆಲಿನ ಮುಂದೆ. ಹಳೆಯ ಟೆಂಪೋ ಒಂದನ್ನು ಮಾರಿದ ಬಾಕಿ ಹಣದ ಜಗಳ. ಎರಡೂ ಕಡೆಯವರು ನಮ್ಮವರೇ, ಒಂದೇ ಬೀದಿಯವರು. ಒಬ್ಬ ಮಚ್ಚು ಬೀಸಿದ. ಎದುರಿನವರು ಕೈ ಅಡ್ಡ ಹಿಡಿದರು, ಮೊಣಕೈ ಕೆಳಗೆ ಕತ್ತರಿಸಿತು. ಅವರು ಬದುಕಿಕೊಂಡರು, ಅಲ್ಲಾಹನ ದಯೆ. ಇವತ್ತು ಆರೋಪಿಯ ಕಡೆಯಿಂದ ಮಾತನಾಡುತ್ತಿದ್ದೇನೆಂದು ಆ ಗಾಯವನ್ನು ಮರೆತು ಮಾತನಾಡುತ್ತಿಲ್ಲ. ಅವರ ಮಗಳು ಕೂಡ ನನ್ನ ವಿದ್ಯಾರ್ಥಿನಿಯೇ.

ನನ್ನ ಹಳೆಯ ವಿದ್ಯಾರ್ಥಿ ಆರನೇ ಆರೋಪಿ. ಆಗ ಅವನಿಗೆ 19 ವರ್ಷ, ಬಿ.ಕಾಂ. ಓದುತ್ತಿದ್ದ. ನಿರೀಕ್ಷಣಾ ಜಾಮೀನು ಸಿಕ್ಕಿತ್ತು. ಆದರೆ ಪ್ರತಿ ಮುದ್ದತಿಗೆ ಕೋರ್ಟಿಗೆ ಹೋಗಬೇಕು, ಎರಡು ಕಿರು ಪರೀಕ್ಷೆ ತಪ್ಪಿದ್ದವು. ಚಿಕ್ಕಪ್ಪನ ಜೊತೆ ಗಲ್ಫಿಗೆ ಹೋಗುವ ಮಾತು ಅಲ್ಲೇ ನಿಂತಿತ್ತು.

ಇಲ್ಲಿ ಒಂದು ಭಾಷೆಯ ತೊಡಕು ಹೇಳಬೇಕು, ಮೇಷ್ಟ್ರ ಚಾಳಿ, ಕ್ಷಮಿಸಿ. ಜಾಮೀನು ಸಿಕ್ಕರೂ ನಮ್ಮ ಮನೆಗಳಲ್ಲಿ "ಛೂಟ್ ಗಯಾ" ಎನ್ನುತ್ತೇವೆ, ಕೇಸಿನಿಂದ ಕೈಬಿಟ್ಟರೂ "ಛೂಟ್ ಗಯಾ", ವಿಚಾರಣೆ ಮುಗಿದು ನಿರಪರಾಧಿ ಎಂದರೂ "ಛೂಟ್ ಗಯಾ". ಕಾನೂನಿನಲ್ಲಿ ಇವು ಮೂರೂ ಬೇರೆ. ಜಾಮೀನು ಎಂದರೆ ಕೇಸು ಇದೆ, ಜೈಲಿನ ಹೊರಗೆ ಇರಬಹುದು ಅಷ್ಟೇ. ಖುಲಾಸೆ ಎಂದರೆ ಸಾಕ್ಷಿಗಳ ವಿಚಾರಣೆಯೆಲ್ಲ ಮುಗಿದು ಅಪರಾಧ ಸಾಬೀತಾಗಲಿಲ್ಲ ಎಂಬ ತೀರ್ಪು. ಇವೆರಡರ ನಡುವೆ, ವಿಚಾರಣೆ ಶುರುವಾಗುವ ಮೊದಲೇ, ಒಂದು ಸಣ್ಣ ಬಾಗಿಲಿದೆ. ಅದಕ್ಕೆ ಡಿಸ್ಚಾರ್ಜ್ ಎನ್ನುತ್ತಾರೆ, ಕನ್ನಡದಲ್ಲಿ ಆರೋಪದಿಂದ ಬಿಡುಗಡೆ. ಈ ಬಾಗಿಲು ಇದೆ ಎಂಬುದೇ ಆ ತಂದೆಗೆ ಗೊತ್ತಿರಲಿಲ್ಲ. ನನಗೂ ಗೊತ್ತಿರಲಿಲ್ಲ.

ಅದು ಎಲ್ಲಿ ಬರುತ್ತದೆ ಎಂದರೆ, ಪೊಲೀಸರು ತನಿಖೆ ಮುಗಿಸಿ ದಂಡಾಧಿಕಾರಿಗಳ ಮುಂದೆ ಚಾರ್ಜ್‌ಶೀಟು ಹಾಕುತ್ತಾರೆ. ಅದರ ನಕಲನ್ನು ಆರೋಪಿಗೆ ಉಚಿತವಾಗಿ ಕೊಡಬೇಕು. ಕೊಲೆ ಯತ್ನದ ಕೇಸಾದ್ದರಿಂದ ದಂಡಾಧಿಕಾರಿಗಳು ಅದನ್ನು ಸೆಷನ್ಸ್ ನ್ಯಾಯಾಲಯಕ್ಕೆ ಒಪ್ಪಿಸುತ್ತಾರೆ. ಅಲ್ಲಿ ನ್ಯಾಯಾಧೀಶರು ಕಾಗದಗಳನ್ನು ನೋಡಿ, ಎರಡೂ ಕಡೆಯ ವಾದ ಕೇಳಿ, ಮುಂದುವರಿಯಲು ಸಾಕಷ್ಟು ಆಧಾರವಿಲ್ಲ ಎಂದು ಕಂಡರೆ ಕಾರಣ ಬರೆದು ಆರೋಪಿಯನ್ನು ಬಿಡುಗಡೆ ಮಾಡಬೇಕು. ದಂಡ ಪ್ರಕ್ರಿಯಾ ಸಂಹಿತೆಯ 227ನೇ ಕಲಂ ಹೇಳುವುದು ಇದನ್ನು. ಆಧಾರವಿದೆ ಎಂದು ಕಂಡರೆ 228ರ ಪ್ರಕಾರ ದೋಷಾರೋಪಣೆ ಹೊರಿಸುತ್ತಾರೆ, ಅಲ್ಲಿಂದ ಸಾಕ್ಷಿಗಳ ವಿಚಾರಣೆ, ವರ್ಷಗಳ ಅಲೆದಾಟ.

ನಾವು ನಕಲು ಓದಲು ಕುಳಿತೆವು. ಮೂರು ರಾತ್ರಿ ಹಿಡಿಯಿತು. ಪೊಲೀಸರ ಕನ್ನಡಕ್ಕೆ ತನ್ನದೇ ಒಂದು ವ್ಯಾಕರಣವಿದೆ. "ಆರೋಪಿತರು ಅಕ್ರಮ ಕೂಟ ಕಟ್ಟಿಕೊಂಡು, ಸಮಾನ ಉದ್ದೇಶದಿಂದ, ಮಾರಕಾಸ್ತ್ರಗಳನ್ನು ಹಿಡಿದುಕೊಂಡು ಬಂದು, ಅವಾಚ್ಯ ಶಬ್ದಗಳಿಂದ ಬೈದು" ಎಂದು ಶುರುವಾದ ವಾಕ್ಯ ಒಂದೂವರೆ ಪುಟ ಮುಗಿಯುವುದಿಲ್ಲ. ಅದನ್ನು ಕೇಳುತ್ತ ತಂದೆ ಬಿಳಿಚಿಕೊಂಡರು. ನನ್ನ ಮಗ ಮಾರಕಾಸ್ತ್ರ ಹಿಡಿದಿದ್ದನೇ ಎಂದು ಕೇಳಿದರು. ಆ ವಾಕ್ಯದಲ್ಲಿ ಕರ್ತೃಪದ ಬಹುವಚನ, "ಆರೋಪಿತರು". ಯಾರು ಏನು ಮಾಡಿದರು ಎಂಬುದು ಅದರಲ್ಲಿ ಇಲ್ಲ. ಅದು ಪೊಲೀಸರ ಸಾರಾಂಶ. ಸಾಕ್ಷಿಗಳು ಏನು ಹೇಳಿದ್ದಾರೆ ಎಂಬುದು ಒಳಗಿನ ಹಾಳೆಗಳಲ್ಲಿದೆ, ನೋಡಬೇಕಾದದ್ದು ಅಲ್ಲಿ.

ನಾನು ಅಂಕಪಟ್ಟಿ ಬರೆಯುವ ಹಾಗೆ ದೊಡ್ಡ ಹಾಳೆಯ ಮೇಲೆ ಗೆರೆ ಎಳೆದೆ. ಎಡಕ್ಕೆ ಚಾ.ಸಾ. 1, ಚಾ.ಸಾ. 2 ಎಂದು ಸಾಕ್ಷಿಗಳು, ಮೇಲೆ ಆರು ಮಂದಿ ಆರೋಪಿಗಳು. ಯಾರ ಹೇಳಿಕೆಯಲ್ಲಿ ಯಾರ ಹೆಸರು, ಯಾವ ದಿನಾಂಕದ ಹೇಳಿಕೆ, ಕೈಯಲ್ಲಿ ಏನಿತ್ತು, ಏನು ಮಾಡಿದರು. ತುಂಬುತ್ತ ಹೋದ ಹಾಗೆ ಒಂದು ಸಂಗತಿ ಎದ್ದು ಕಂಡಿತು. ಘಟನೆಯ ರಾತ್ರಿ ಕೊಟ್ಟ ದೂರಿನಲ್ಲಿ ನಾಲ್ಕು ಹೆಸರುಗಳು, ನಮ್ಮ ಹುಡುಗನದು ಇಲ್ಲ. ಗಾಯಗೊಂಡವರು ಆಸ್ಪತ್ರೆಯಲ್ಲಿ ಕೊಟ್ಟ ಹೇಳಿಕೆಯಲ್ಲಿ ಐದು, ಅದರಲ್ಲೂ ಇಲ್ಲ. ಒಂಬತ್ತು ದಿನ ಕಳೆದು ಇಬ್ಬರು ಸಾಕ್ಷಿಗಳು ಕೊಟ್ಟ ಮರುಹೇಳಿಕೆಯಲ್ಲಿ, "ಇವನೂ ಹೋಟೆಲಿನ ಹತ್ತಿರ ಇದ್ದನು" ಎಂಬ ಒಂದು ಸಾಲು. ಕೈಯಲ್ಲಿ ಏನಿತ್ತು ಎಂಬ ಅಂಕಣ ಅವನ ಸಾಲಿನಲ್ಲಿ ಕೊನೆಯವರೆಗೂ ಖಾಲಿಯೇ ಉಳಿಯಿತು.

ಜಿಲ್ಲಾ ಕೇಂದ್ರದ ಹಿರಿಯ ವಕೀಲರೊಬ್ಬರ ಬಳಿ ಈ ಹಾಳೆ ತೆಗೆದುಕೊಂಡು ಹೋದೆವು. ತಂದೆ ಜೊತೆಗೆ ಇನ್ನೂ ಮೂರು ಕಾಗದ ತಂದಿದ್ದರು. ಆ ಸಂಜೆ ಹುಡುಗ ಟ್ಯೂಷನ್ನಿನಲ್ಲಿದ್ದ ಎಂಬ ಪತ್ರ, ಕಾಲೇಜಿನ ಹಾಜರಾತಿ, ಮತ್ತು ನಾನು ಬರೆದುಕೊಟ್ಟಿದ್ದ ನಡತೆಯ ಪ್ರಮಾಣ ಪತ್ರ. ನನ್ನ ಪತ್ರದಲ್ಲಿ ಒಳ್ಳೆಯ ಕನ್ನಡವಿತ್ತು. ವಕೀಲರು ಮೂರನ್ನೂ ಪಕ್ಕಕ್ಕೆ ಸರಿಸಿ, "ಇವು ಈಗ ಬೇಡ, ಜೋಪಾನವಾಗಿ ಇಟ್ಟುಕೊಳ್ಳಿ" ಎಂದರು. ತಂದೆಗೆ ಸಿಟ್ಟೇ ಬಂತು. ನನಗೂ ಸ್ವಲ್ಪ ಬಂತೆಂದು ಒಪ್ಪಿಕೊಳ್ಳಬೇಕು.

ಕಾರಣ ಇದು. ಒಡಿಶಾ ರಾಜ್ಯ ಮತ್ತು ದೇವೇಂದ್ರನಾಥ ಪಾಧಿ ಪ್ರಕರಣದಲ್ಲಿ 2004ರಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ, ಆರೋಪ ಹೊರಿಸುವ ಹಂತದಲ್ಲಿ ಪ್ರಾಸಿಕ್ಯೂಷನ್ ಸಲ್ಲಿಸಿದ ಕಾಗದಗಳನ್ನು ಮಾತ್ರ ನೋಡಬೇಕು, ಆರೋಪಿ ತನ್ನ ಕಡೆಯ ದಾಖಲೆ ಹಾಜರುಪಡಿಸುವ ಹಕ್ಕು ಆಗ ಇಲ್ಲ ಎಂದು ತೀರ್ಮಾನಿಸಿತು. ನಾನು ಅಲ್ಲಿರಲಿಲ್ಲ, ಬೇರೆ ಕಡೆ ಇದ್ದೆ ಎನ್ನುವ ವಾದಕ್ಕೆ ಜಾಗ ವಿಚಾರಣೆಯಲ್ಲಿ. ನಮ್ಮ ಕರ್ನಾಟಕದಿಂದಲೇ ಹೋದ ನಿತ್ಯ ಧರ್ಮಾನಂದ ಪ್ರಕರಣದಲ್ಲಿ 2017ರಲ್ಲಿ ಒಂದು ಸಣ್ಣ ಕಿಂಡಿ ತೆರೆದಿಟ್ಟರು. ತನಿಖಾಧಿಕಾರಿಯ ಬಳಿ ಇದ್ದೂ ಚಾರ್ಜ್‌ಶೀಟಿನಲ್ಲಿ ಸೇರಿಸದೆ ಬಿಟ್ಟ, ಪ್ರಶ್ನಿಸಲಾಗದಂಥ ಗಟ್ಟಿ ದಾಖಲೆ ಇದ್ದರೆ ನ್ಯಾಯಾಲಯ ಅದನ್ನು ತರಿಸಿ ನೋಡಬಹುದು. ಟ್ಯೂಷನ್ನಿನ ಪತ್ರ ಆ ಜಾತಿಗೆ ಸೇರುವುದಿಲ್ಲ. ಮೇಷ್ಟ್ರ ಪ್ರಮಾಣ ಪತ್ರ ಮೊದಲೇ ಸೇರುವುದಿಲ್ಲ.

ಹಾಗಾದರೆ ಏನು ವಾದಿಸುವುದು? ಪೊಲೀಸರ ಕಾಗದವನ್ನು ಪೂರ್ತಿ ನಿಜವೆಂದೇ ಇಟ್ಟುಕೊಂಡರೂ ಈ ಹುಡುಗನ ಮೇಲೆ ಅಪರಾಧ ನಿಲ್ಲುತ್ತದೆಯೇ ಎಂಬ ಒಂದೇ ಪ್ರಶ್ನೆ. ಸಾಕ್ಷಿ ಸುಳ್ಳು ಹೇಳಿದ್ದಾನೆ ಎಂದು ಈಗ ಕೂಗಿ ಪ್ರಯೋಜನವಿಲ್ಲ. ಅವನು ಹೇಳಿದ್ದು ಸತ್ಯವಾದರೂ ಅದರಿಂದ ಏನಾಗುತ್ತದೆ ಎಂದು ಕೇಳಬೇಕು. ಈ ವ್ಯತ್ಯಾಸ ತಂದೆಗೆ ಮನದಟ್ಟು ಮಾಡಿಸಲು ನನಗೆ ಒಂದು ವಾರ ಬೇಕಾಯಿತು.

ಅಳತೆ ಎಷ್ಟು ಎಂಬುದಕ್ಕೆ ವಕೀಲರು ಎರಡು ಹಳೆಯ ತೀರ್ಪುಗಳನ್ನು ಹೇಳಿದರು. ಬಿಹಾರ ರಾಜ್ಯ ಮತ್ತು ರಮೇಶ್ ಸಿಂಗ್, 1977. ಈ ಹಂತದಲ್ಲಿ ಅಪರಾಧ ಸಾಬೀತಾಗಬೇಕಿಲ್ಲ, ಬಲವಾದ ಸಂಶಯವಿದ್ದರೂ ಆರೋಪ ಹೊರಿಸಬಹುದು. ಇದು ಆರೋಪಿಯ ವಿರುದ್ಧ ಹೋಗುವ ಮಾತು. ಮರುವರ್ಷ 1978ರಲ್ಲಿ ಪ್ರಫುಲ್ಲ ಕುಮಾರ್ ಸಮಲ್ ಎಂಬ ಭೂಸ್ವಾಧೀನಾಧಿಕಾರಿಯ ಪ್ರಕರಣ ಬಂತು. ಅದರಲ್ಲಿ, ಆರೋಪಿಯ ವಿರುದ್ಧ ಮೇಲ್ನೋಟದ ಪ್ರಕರಣ ಇದೆಯೇ ಎಂದು ತಿಳಿಯುವ ಸೀಮಿತ ಉದ್ದೇಶಕ್ಕೆ ನ್ಯಾಯಾಧೀಶರು ಕಾಗದಗಳನ್ನು ಜರಡಿ ಹಿಡಿಯಬಹುದು, ಎರಡು ಅರ್ಥ ಸಮಸಮವಾಗಿ ಸಾಧ್ಯವಿದ್ದು ಬರೀ ಸಂಶಯವಿದೆ, ಗಾಢ ಸಂಶಯವಿಲ್ಲ ಎಂದಾದರೆ ಬಿಡುಗಡೆ ಮಾಡಬಹುದು ಎಂದರು. ಪೊಲೀಸರು ಕಳಿಸಿದ್ದನ್ನು ಮುದ್ರೆ ಒತ್ತಿ ಮುಂದೆ ಕಳಿಸುವ ಅಂಚೆ ಕಚೇರಿಯಲ್ಲ ನ್ಯಾಯಾಲಯ ಎಂಬ ಮಾತು ಆಮೇಲೆ ಎಷ್ಟೋ ತೀರ್ಪುಗಳಲ್ಲಿ ಬಂದಿದೆ. 2010ರ ಪಿ. ವಿಜಯನ್ ಪ್ರಕರಣದಲ್ಲೂ ಇದೆ.

ಈಗ ಮೊದಲನೇ ಆರೋಪಿಯ ವಿಷಯ. ಮಚ್ಚು ಬೀಸಿದನೆಂದು ಹೇಳಲಾದವನು ಅವನೇ. ಅವನ ಕಡೆಯ ವಕೀಲರು ಬೇರೆ. ಅವರೂ ಬಿಡುಗಡೆ ಅರ್ಜಿ ಹಾಕಿದರು. ಅವರ ಕೈಯಲ್ಲಿ ಬಲವಾದ ಕಾಗದವೊಂದಿತ್ತು ಎಂದು ನಾವೆಲ್ಲ ತಿಳಿದಿದ್ದೆವು. ಆಸ್ಪತ್ರೆಯ ಗಾಯದ ಪ್ರಮಾಣ ಪತ್ರದಲ್ಲಿ, "ಸಾಮಾನ್ಯ ಸ್ವರೂಪದ ಗಾಯ" ಎಂದು ವೈದ್ಯರು ಬರೆದಿದ್ದರು. ಮೂಳೆ ಮುರಿದಿಲ್ಲ, ಪ್ರಾಣಾಪಾಯವಿಲ್ಲ. ಸಾಮಾನ್ಯ ಗಾಯಕ್ಕೆ ಕೊಲೆ ಯತ್ನ ಹೇಗಾಗುತ್ತದೆ, ಅದು 324 ಅಷ್ಟೇ, ಅಂದರೆ ಅಪಾಯಕರ ಆಯುಧದಿಂದ ಗಾಯ ಮಾಡಿದ್ದು, ಮೂರು ವರ್ಷದವರೆಗಿನ ಶಿಕ್ಷೆ ಎಂದು ಅವರ ವಾದ. ಕಟ್ಟೆಯ ಮೇಲೆ ಕೂತು ಕಾನೂನು ಹೇಳುವವರೆಲ್ಲ ಇದನ್ನೇ ಹೇಳುತ್ತಾರೆ, "ಸಿಂಪಲ್ ಇಂಜುರಿ ಇದೆ, ಮುನ್ನೂರ ಏಳು ನಿಲ್ಲುವುದಿಲ್ಲ" ಎಂದು. ಇದು ಅರ್ಧ ತಿಳಿವಳಿಕೆ, ಹಾಗಾಗಿ ಅಪಾಯಕಾರಿ.

ಸುಪ್ರೀಂ ಕೋರ್ಟು ಈ ವಾದವನ್ನು ಬಹಳ ಹಿಂದೆಯೇ ತಳ್ಳಿಹಾಕಿದೆ. 1983ರಲ್ಲಿ ಮಹಾರಾಷ್ಟ್ರ ರಾಜ್ಯ ಮತ್ತು ಬಲರಾಮ್ ಬಾಮಾ ಪಾಟೀಲ್ ಪ್ರಕರಣದಲ್ಲಿ, ಸಾವು ತರಬಲ್ಲ ಗಾಯವೇ ಆಗಿರಬೇಕೆಂದಿಲ್ಲ, ಉದ್ದೇಶವನ್ನು ಬೇರೆ ಸನ್ನಿವೇಶಗಳಿಂದಲೂ ತಿಳಿಯಬಹುದು ಎಂದಿತು. 2019ರಲ್ಲಿ ಮಧ್ಯಪ್ರದೇಶ ರಾಜ್ಯ ಮತ್ತು ಕಾನ್ಹಾ ಪ್ರಕರಣದಲ್ಲಿ ಮತ್ತೆ ಅದನ್ನೇ ಹೇಳಿತು. ನೋಡಬೇಕಾದದ್ದು ಆಯುಧ ಯಾವುದು, ಗುರಿ ದೇಹದ ಯಾವ ಭಾಗ, ಎಷ್ಟು ಬಲದಿಂದ, ಎಷ್ಟು ಸಲ, ಹೊಡೆಯುವಾಗ ಆಡಿದ ಮಾತೇನು, ಹಿಂದಿನ ದ್ವೇಷವೇನು ಎಂಬುದನ್ನು. ನಮ್ಮ ಪ್ರಕರಣದಲ್ಲಿ ಗಾಯಗೊಂಡವರು ಮತ್ತು ಇನ್ನಿಬ್ಬರು ಮೊದಲ ದಿನದಿಂದ ಒಂದೇ ರೀತಿ ಹೇಳಿದ್ದರು, ಮಚ್ಚು ಬಂದದ್ದು ತಲೆಯ ಕಡೆಗೆ, ಕೈ ಅಡ್ಡ ಬಂದದ್ದರಿಂದ ಕೈಗೆ ಬಿತ್ತು. ಕೈ ಅಡ್ಡ ಬಾರದಿದ್ದರೆ? ಬಂದೂಕಿನ ಉದಾಹರಣೆ ನೆನಪಿಸಿಕೊಳ್ಳಿ. ಅವನ ಅರ್ಜಿ ವಜಾ ಆಯಿತು. ನನ್ನ ಅಲ್ಪ ತಿಳಿವಳಿಕೆಗೆ ಆ ಆದೇಶ ಸರಿಯಾಗಿಯೇ ಇತ್ತು ಎನಿಸುತ್ತದೆ. ಹೀಗೆ ಹೇಳಿದ್ದಕ್ಕೆ ಅವನ ಮನೆಯವರು ಕೆಲಕಾಲ ನನ್ನ ಜೊತೆ ಮಾತು ಬಿಟ್ಟಿದ್ದರು.

ಇದರ ಮಧ್ಯದಲ್ಲಿ ಮೂರನೆಯ ಸಾಧ್ಯತೆಯೂ ಇದೆ. ಕೊಲ್ಲುವ ಉದ್ದೇಶ ತೋರಿಸುವ ಯಾವ ಆಧಾರವೂ ಇಲ್ಲ, ಆದರೆ ಹೊಡೆದದ್ದು ಕಾಣುತ್ತದೆ ಎಂದಾದರೆ ನ್ಯಾಯಾಧೀಶರು 307ನ್ನು ಮಾತ್ರ ಕೈಬಿಟ್ಟು, 323 ಅಥವಾ 324ರಂಥ ಕಡಿಮೆ ಆರೋಪ ಹೊರಿಸಿ, ಕೇಸನ್ನು ದಂಡಾಧಿಕಾರಿಗಳ ನ್ಯಾಯಾಲಯಕ್ಕೆ ವರ್ಗಾಯಿಸಬಹುದು. ಪೂರ್ತಿ ಬಿಡುಗಡೆ ಸಿಗದ ಎಷ್ಟೋ ಕೇಸುಗಳಲ್ಲಿ ನಿಜವಾಗಿ ಕೇಳಬೇಕಾದದ್ದು ಇದನ್ನು. ಜೀವಾವಧಿಯ ಹೆದರಿಕೆಗೂ ಮೂರು ವರ್ಷದ ಹೆದರಿಕೆಗೂ ಮನೆಯೊಂದರಲ್ಲಿ ಎಷ್ಟು ಅಂತರವಿದೆ ಎಂದು ನಾನು ಹೇಳಬೇಕಿಲ್ಲ.

ಆರನೇ ಆರೋಪಿಗೆ ಬರೋಣ. ನನ್ನ ಹಾಳೆ ನೋಡಿ ವಕೀಲರು ತಲೆದೂಗಿದರೂ ಎಚ್ಚರಿಕೆ ಕೊಟ್ಟರು. "ಇವನು ಕೈ ಎತ್ತಲಿಲ್ಲ ಎನ್ನುವುದೊಂದೇ ಸಾಲದು" ಎಂದರು. 149ನೇ ಕಲಂ ಇದೆ. ಐದು ಅಥವಾ ಹೆಚ್ಚು ಮಂದಿಯ ಅಕ್ರಮ ಕೂಟದಲ್ಲಿ ಸದಸ್ಯನಾಗಿದ್ದರೆ, ಕೂಟದ ಉದ್ದೇಶಕ್ಕಾಗಿ ಒಬ್ಬ ಮಾಡಿದ್ದಕ್ಕೆ ಎಲ್ಲರೂ ಹೊಣೆ. 1964ರ ಮಸಾಲ್ತಿ ಪ್ರಕರಣದಿಂದ ಈ ಕಾನೂನು ಗಟ್ಟಿಯಾಗಿದೆ. ಆದ್ದರಿಂದ ಇವನು ಆ ಕೂಟದ ಸದಸ್ಯನೇ ಆಗಿದ್ದ ಎನ್ನಲು ಕಾಗದದಲ್ಲಿ ಏನಿದೆ ಎಂದು ಕೇಳಬೇಕಾಯಿತು. ಹೋಟೆಲಿನ ಮುಂದೆ ಆ ಹೊತ್ತಿಗೆ ಮೂವತ್ತು ನಲವತ್ತು ಜನ ಸೇರಿದ್ದರೆಂದು ಪೊಲೀಸರ ಮಹಜರಿನ ಜೊತೆಗಿದ್ದ ಹೇಳಿಕೆಯೇ ಹೇಳುತ್ತಿತ್ತು. "ಇವನೂ ಇದ್ದನು" ಎಂಬ ಸಾಲು ಆ ನಲವತ್ತರಲ್ಲಿ ಯಾರಿಗಾದರೂ ಹೊಂದುತ್ತದೆ. ಒಂಬತ್ತು ದಿನ ಯಾಕೆ ತಡವಾಯಿತು ಎಂಬುದಕ್ಕೂ ವಿವರಣೆಯಿರಲಿಲ್ಲ.

ಸರ್ಕಾರಿ ಅಭಿಯೋಜಕರು ತಕರಾರು ಸಲ್ಲಿಸಿದರು, ಇವೆಲ್ಲ ವಿಚಾರಣೆಯಲ್ಲಿ ನೋಡಬೇಕಾದ ಸಂಗತಿಗಳು ಎಂದರು. ಅವರ ವಾದದಲ್ಲೂ ತಿರುಳಿತ್ತು. ಮೂರು ಮುದ್ದತಿ ಹೋಯಿತು. 2023ರ ಏಪ್ರಿಲಿನಲ್ಲಿ ಆದೇಶ ಬಂತು, ಆರನೇ ಆರೋಪಿಯನ್ನು ಎಲ್ಲ ಆರೋಪಗಳಿಂದ ಬಿಡುಗಡೆ ಮಾಡಲಾಗಿದೆ. ಅದೇ ದಿನ, ಅದೇ ನ್ಯಾಯಾಧೀಶರು, ಮೊದಲನೇ ಆರೋಪಿಯ ಅರ್ಜಿಯನ್ನು ವಜಾ ಮಾಡಿದ್ದು.

ಈ ಕೇಸಿನಲ್ಲಿ ಮೇಷ್ಟ್ರ ಕಸುಬು ನಿಜವಾಗಿ ಉಪಯೋಗಕ್ಕೆ ಬಂದದ್ದು ಒಂದೇ ಕಡೆ. ನಾಲ್ಕನೇ ಆರೋಪಿಯ ವಯಸ್ಸು 19 ಎಂದು ಚಾರ್ಜ್‌ಶೀಟಿನಲ್ಲಿ ಬರೆದಿತ್ತು. ಹೆಸರು ಓದಿದ ಕೂಡಲೇ ನನಗೆ ಅನುಮಾನ ಬಂತು, ಅವನು ನಮ್ಮ ಹುಡುಗನಿಗಿಂತ ಎರಡು ತರಗತಿ ಕೆಳಗೆ ಓದಿದವನು. ಶಾಲೆಯ ದಾಖಲಾತಿ ಪುಸ್ತಕ ತೆಗೆದು ನೋಡಿದೆ. ಘಟನೆಯ ದಿನ ಅವನಿಗೆ 18 ತುಂಬಲು ಇನ್ನೂ ಐದು ತಿಂಗಳು ಬಾಕಿ. 2015ರ ಬಾಲನ್ಯಾಯ ಕಾಯ್ದೆಯ ಪ್ರಕಾರ ಅಂಥವನನ್ನು ವಯಸ್ಕರ ಜೊತೆ ಜಂಟಿಯಾಗಿ ವಿಚಾರಣೆ ಮಾಡುವಂತಿಲ್ಲ. ಈ ಸಂಗತಿಯನ್ನು ಯಾವ ಹಂತದಲ್ಲಿ ಬೇಕಾದರೂ ಎತ್ತಬಹುದು. ವಯಸ್ಸು ತೀರ್ಮಾನಿಸಲು 94ನೇ ಕಲಂ ಮೊದಲು ಕೇಳುವುದು ಶಾಲೆಯ ಜನ್ಮ ದಿನಾಂಕದ ಪ್ರಮಾಣ ಪತ್ರ ಅಥವಾ ಮೆಟ್ರಿಕ್ ಪ್ರಮಾಣ ಪತ್ರ, ನಮ್ಮಲ್ಲಿ ಎಸ್.ಎಸ್.ಎಲ್.ಸಿ. ಅವನ ವಿಷಯ ಬಾಲನ್ಯಾಯ ಮಂಡಳಿಗೆ ಹೋಯಿತು. ಪೋಷಕರೇ, ಮಗುವನ್ನು ಒಂದನೇ ತರಗತಿಗೆ ಸೇರಿಸುವಾಗ "ಏನೋ ಒಂದು ತಾರೀಕು ಹಾಕಿಕೊಳ್ಳಿ ಮಾಸ್ಟರ್ ಸಾಬ್" ಎನ್ನುತ್ತೀರಲ್ಲ, ಆ ತಾರೀಕಿನ ಬೆಲೆ ಇಷ್ಟು.

ಕಾನೂನು ಬದಲಾದ ಮೇಲೆ ನಿಮಗೆ ತಿಳಿದಿರಬೇಕಾದದ್ದು ಒಂದಿದೆ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಬಿಡುಗಡೆಯ ಕಲಂ 250, ಆರೋಪ ಹೊರಿಸುವುದು 251. ಹಳೆಯ ಕಾನೂನಿನಲ್ಲಿ ಅರ್ಜಿಗೆ ಇಷ್ಟು ದಿನ ಎಂಬ ಗಡುವು ಇರಲಿಲ್ಲ. ಈಗ ಕೇಸು ಸೆಷನ್ಸ್‌ಗೆ ಒಪ್ಪಿಸಿದ ದಿನದಿಂದ 60 ದಿನದೊಳಗೆ ಬಿಡುಗಡೆ ಅರ್ಜಿ ಹಾಕಬಹುದು ಎಂದು ಬರೆದಿದ್ದಾರೆ. ಚಾರ್ಜ್‌ಶೀಟಿನ ನಕಲನ್ನು, ಆರೋಪಿ ಹಾಜರಾದ ದಿನದಿಂದ 14 ದಿನದೊಳಗೆ ಕೊಡಬೇಕೆಂದೂ 230ರಲ್ಲಿ ಇದೆ. ನಾವು ಮೂರು ರಾತ್ರಿ ಓದಿ, ಒಂದು ವಾರ ಜಗಳವಾಡಿ, ಹಬ್ಬ ಮುಗಿಯಲಿ ಎಂದು ಕಾದು, ಅರ್ಜಿ ಹಾಕುವಾಗ ತಿಂಗಳುಗಳು ಕಳೆದಿದ್ದವು. ಇನ್ನು ಹಾಗೆ ಮಾಡಿದರೆ ಗಡುವು ಮೀರಿದೆ ಎಂಬ ವಾದಕ್ಕೆ ನಾವೇ ಎಡೆಮಾಡಿಕೊಟ್ಟಂತೆ. ಹೊಸ ಸಂಹಿತೆ ಬರುವ ಹೊತ್ತಿಗೆ ಬಾಕಿ ಇದ್ದ ವಿಚಾರಣೆಗಳು ಹಳೆಯ ಸಂಹಿತೆಯ ಪ್ರಕಾರವೇ ಮುಂದುವರಿಯುತ್ತವೆ, ಗೊಂದಲ ಬೇಡ.

ವಿದ್ಯಾರ್ಥಿಗಳು ಕೇಳಿ. ಕೇಸು ಬಾಕಿ ಇರುವಾಗ ಪಾಸ್‌ಪೋರ್ಟು ನಿರಾಕರಿಸಲು 1967ರ ಕಾಯ್ದೆಯ 6(2)(ಎಫ್) ಅವಕಾಶ ಕೊಡುತ್ತದೆ. ಆದರೆ 1993ರ ಒಂದು ಅಧಿಸೂಚನೆಯಂತೆ, ಕೇಸು ನಡೆಯುತ್ತಿರುವ ನ್ಯಾಯಾಲಯದಿಂದ ವಿದೇಶಕ್ಕೆ ಹೋಗಲು ಅನುಮತಿ ಪಡೆದರೆ ದಾರಿ ಇದೆ. ಸರ್ಕಾರಿ ನೌಕರಿಯ ನಮೂನೆಯಲ್ಲಿ ನಿಮ್ಮ ಮೇಲೆ ಕೇಸು ಇತ್ತೇ ಎಂದು ಕೇಳಿದರೆ, ಬಿಡುಗಡೆಯಾಗಿದ್ದರೂ ಮುಚ್ಚಿಡಬೇಡಿ. 2016ರ ಅವತಾರ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಈ ಬಗ್ಗೆ ವಿವರವಾಗಿ ಹೇಳಿದೆ. ಕೇಸಿಗಿಂತ ಕೇಸನ್ನು ಮುಚ್ಚಿಟ್ಟದ್ದೇ ಎಷ್ಟೋ ಹುಡುಗರ ಕೆಲಸ ಕಳೆದಿದೆ.

ರಾಜಿಯ ಮಾತು ಎಲ್ಲರೂ ಕೇಳುತ್ತಾರೆ. ಕೊಲೆ ಯತ್ನ ರಾಜಿಯಾಗುವ ಅಪರಾಧವಲ್ಲ, ಜಮಾಅತ್ತಿನಲ್ಲಿ ಕೂತು ಕೈಕುಲುಕಿದರೆ ಕೇಸು ಹೋಗುವುದಿಲ್ಲ. ಹೈಕೋರ್ಟು ಮಾತ್ರ ತನ್ನ ಅಂತರ್ಗತ ಅಧಿಕಾರದಿಂದ ರದ್ದು ಮಾಡಬಹುದು. ಅದೂ ಆಯುಧ, ಗಾಯ, ಗಾಯದ ಜಾಗ ಇವನ್ನೆಲ್ಲ ನೋಡಿ, 307 ಎಂಬ ಅಂಕಿಯನ್ನು ಸುಮ್ಮನೆ ಸೇರಿಸಿದ್ದಾರೆಯೇ ಎಂದು ಪರಿಶೀಲಿಸಿ. 2014ರ ನರಿಂದರ್ ಸಿಂಗ್ ತೀರ್ಪು ಇದರ ಬಗ್ಗೆ.

ಕಹಿಯಾದರೂ ಒಂದು ಮಾತು. ಆ ದಿನಗಳಲ್ಲಿ ಇದೇ ತಂದೆ ಎದುರು ಕಡೆಯವರ ಮೇಲೆ ಪ್ರತಿದೂರು ಬರೆದುಕೊಡಿ ಎಂದು ನನ್ನ ಬಳಿ ಬಂದಿದ್ದರು. ಹೇಳಿದ ಹೆಸರುಗಳಲ್ಲಿ ಒಂದು, ಎರಡು ವರ್ಷದಿಂದ ದಮ್ಮಾಮಿನಲ್ಲಿರುವ ಅವರ ಅಣ್ಣನ ಮಗನದು. "ಅವರು ನನ್ನ ಮಗನ ಹೆಸರು ಸೇರಿಸಿದರಲ್ಲ" ಎಂದರು. ನಾನು ಪೆನ್ನು ಮುಚ್ಚಿಟ್ಟೆ. ಒಬ್ಬ ಹೊಡೆದರೆ ಮನೆಮಂದಿಯ ಹೆಸರೆಲ್ಲ ಬರೆಸುವ ಚಾಳಿ ಪೊಲೀಸರು ಕಲಿಸಿದ್ದಲ್ಲ, ನಾವೇ ಠಾಣೆಗೆ ಒಯ್ದದ್ದು. ಹೊಡೆದವನ ಮೇಲಿನ ನಿಜವಾದ ಕೇಸೂ ಅದರಿಂದ ಸಡಿಲವಾಗುತ್ತದೆ.

ಫೀಸು ಕೊಡಲಾಗದವರು ತಾಲ್ಲೂಕು ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವಾ ಸಮಿತಿಯಲ್ಲಿ ಕೇಳಬಹುದು. 1987ರ ಕಾಯ್ದೆಯಂತೆ ಮಹಿಳೆಯರಿಗೆ, ಮಕ್ಕಳಿಗೆ, ಪರಿಶಿಷ್ಟರಿಗೆ, ಬಂಧನದಲ್ಲಿರುವವರಿಗೆ, ಹೀಗೆ ಕೆಲವು ವರ್ಗದವರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ, ಉಳಿದವರಿಗೆ ಆದಾಯದ ಮಿತಿಯಿದೆ. 15100 ಎಂಬ ದೂರವಾಣಿಯೂ ಇದೆ. ಚಾರ್ಜ್‌ಶೀಟು ಓದಿ ಹೇಳುವವರು ಬೇಕಾದರೆ ಭಾನುವಾರ ನಮ್ಮ ಸಂಘದ ಕಚೇರಿಗೆ ಬನ್ನಿ, ನಾನಿರುತ್ತೇನೆ. ಗೆರೆ ಎಳೆದ ಹಾಳೆಗಳೂ ಇರುತ್ತವೆ.

ಆದೇಶ ಬಂದ ರಾತ್ರಿ ತಂದೆ ಅದನ್ನು ಉರ್ದುವಿನಲ್ಲಿ ಬರೆದುಕೊಡಿ ಎಂದರು, ಮನೆಯಲ್ಲಿ ಹುಡುಗನ ಅಜ್ಜಿಗೆ ಓದಿ ಹೇಳಲು. ಬರೆಯುತ್ತಿದ್ದಾಗ, "ಬರೀ ಹೋ ಗಯಾ ನಾ?" ಎಂದು ಕೇಳಿದರು. ಇಲ್ಲ ಭಾಯಿಸಾಬ್, ಬರೀ ಅಂದರೆ ಖುಲಾಸೆ, ಇದು ಅದಲ್ಲ ಎಂದೆ. ಬಿಡುಗಡೆ ಎಂದರೆ ನಿರಪರಾಧಿ ಎಂಬ ತೀರ್ಪಲ್ಲ. ಎದುರಿನವರು ಹೈಕೋರ್ಟಿಗೆ ಹೋಗಬಹುದು, ವಿಚಾರಣೆಯಲ್ಲಿ ಇವನ ವಿರುದ್ಧ ಹೊಸ ಸಾಕ್ಷ್ಯ ಬಂದರೆ ಮತ್ತೆ ಕರೆಸುವ ದಾರಿಯೂ ಕಾನೂನಿನಲ್ಲಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಾಗಾದರೆ ಆ ಟ್ಯೂಷನ್ ಪತ್ರ ಬಿಸಾಡುವುದು ಬೇಡ" ಎಂದರು. ಬೇಡ ಎಂದೆ. ಪತ್ರ ಈಗಲೂ ಅದೇ ಪ್ಲಾಸ್ಟಿಕ್ ಚೀಲದಲ್ಲಿ ಅವರ ಮನೆಯ ಬೀರುವಿನಲ್ಲಿದೆ. ಹುಡುಗ ಬಿ.ಕಾಂ. ಮುಗಿಸಿ ಒಂದು ಲೆಕ್ಕಪರಿಶೋಧಕರ ಕಚೇರಿಯಲ್ಲಿ ಕೆಲಸಕ್ಕಿದ್ದಾನೆ. ಮೊದಲನೇ ಆರೋಪಿಯ ವಿಚಾರಣೆ ಇನ್ನೂ ನಡೆಯುತ್ತಿದೆ.